ಅಪ್ಪನ ಜೊತೆ ಜಕಾರ್ತಾದ ‘ಜನರಲ್‌ಗಳ ಟೂರ್’: 5ಕ್ಕೆ 4 ಕೊಡ್ತೀನಿ

ಜಕಾರ್ತಾಕ್ಕೆ ಬಂದು ಮೂರು ವರ್ಷ ಆಯಿತು. ಕಾರಿನಲ್ಲಿ ಕೂತರೆ ಸಾಕು, ಮ್ಯಾಪಿನ ಹೆಂಗಸು ಶುರು ಮಾಡುತ್ತಾಳೆ: ಎಂ.ಟಿ. ಹರ್ಯೋನೋ ರಸ್ತೆಯಲ್ಲಿ ನೇರ ಹೋಗಿ, ಎಸ್. ಪರ್ಮಾನ್ ರಸ್ತೆ ಹಿಡಿಯಿರಿ, ಅಹ್ಮದ್ ಯಾನಿ ರಸ್ತೆಯಲ್ಲಿ ಟ್ರಾಫಿಕ್ ಜಾಸ್ತಿ ಇದೆ. ಇವರೆಲ್ಲ ಒಂದೇ ಬೆಳಗಿನ ಜಾವ ಕೊಲೆಯಾದ ಜನರಲ್‌ಗಳು ಅಂತ ನನಗೆ ಮೊನ್ನೆವರೆಗೂ ಗೊತ್ತಿರಲಿಲ್ಲ.

ಗೊತ್ತಾಗಿದ್ದು ಅಪ್ಪನಿಂದ. ಅಂದರೆ, ಅಪ್ಪನಿಗಾಗಿ ಬುಕ್ ಮಾಡಿದ ಟೂರಿನಿಂದ. ಅಪ್ಪ ಮರಾಠಾ ಲೈಟ್ ಇನ್‌ಫಂಟ್ರಿಯಲ್ಲಿ 24 ವರ್ಷ ಇದ್ದು ಸುಬೇದಾರ್ ಆಗಿ ರಿಟೈರ್ ಆದವರು. ಬೈಲಹೊಂಗಲದಿಂದ ಒಂದು ತಿಂಗಳಿಗೆ ಅಂತ ಬಂದಿದ್ದರು. ಮೂರನೇ ಮಾಲ್ ತೋರಿಸುವ ಹೊತ್ತಿಗೆ, ‘ಇನ್ನ ಸಾಕೋ ತಮ್ಮಾ, ಎಲ್ಲಾ ಕಡೆ ಅದ ಅಂಗಡಿ’ ಅಂದರು. ಆಗ ಕಣ್ಣಿಗೆ ಬಿದ್ದಿದ್ದು ಈ ಟೂರ್. ಇಂಡೊನೇಷ್ಯಾದ ಸೈನ್ಯ ಅಧಿಕಾರಕ್ಕೆ ಹೇಗೆ ಬಂತು ಅನ್ನೋದನ್ನ ಒಂದು ದಿನದಲ್ಲಿ ಊರು ಸುತ್ತಿಸಿ ಹೇಳುತ್ತಾರೆ. ವ್ಯಾನಿನಲ್ಲಿ ಆರೇ ಜನ. ತಲೆಗೆ ನಾಲ್ಕೂವರೆ ಲಕ್ಷ. ಅಪ್ಪ ಒಂದು ಕ್ಷಣ ಹೌಹಾರಿದರು. ರುಪಾಯಿ ಅಲ್ಲ, ರುಪಿಯಾ. ನಮ್ಮ ಲೆಕ್ಕಕ್ಕೆ 2,400 ರೂಪಾಯಿ ಹತ್ತಿರ.

ಮೊದಲು ಬೈದು ಮುಗಿಸ್ತೀನಿ. ಎಂಟಕ್ಕೆ ಬರಬೇಕಾದ ವ್ಯಾನ್ ಬಂದಿದ್ದು ಎಂಟೂ ಐವತ್ತಕ್ಕೆ. ಟಿಕೆಟ್ ಎಲ್ಲ ಸೇರಿದೆ ಅಂತ ಫೋನಿನಲ್ಲಿ ಹೇಳಿದ್ದರು. ಗೇಟಿನಲ್ಲಿ ನಾವೇ ದುಡ್ಡು ತೆಗೆಯಬೇಕಾಯಿತು. ಹಿಂದಿನ ಸೀಟಿಗೆ ಎಸಿ ಬರಲ್ಲ, ಮಳೆಗಾಲವಾದ್ದರಿಂದ ಕಿಟಕಿ ತೆಗೆಯುವ ಹಾಗೂ ಇಲ್ಲ. ಒಂದು ಸ್ಟಾರ್ ಹೋಗಿದ್ದು ಇದಕ್ಕೇ. ಉಳಿದ ನಾಲ್ಕೂ ಗೈಡಿಗೆ. ಅರವತ್ತು ದಾಟಿದ ಮನುಷ್ಯ, ಹೈಸ್ಕೂಲಿನಲ್ಲಿ ಇತಿಹಾಸ ಪಾಠ ಮಾಡುತ್ತಿದ್ದವರು. ಎಲ್ಲರೂ ಅವರನ್ನ ‘ಪಾಕ್’ ಅಂತ ಕರೆಯುತ್ತಿದ್ದರು. ಇಲ್ಲಿ ಹಿರಿಯ ಗಂಡಸರನ್ನ ಕರೆಯೋದೇ ಹಾಗೆ, ನಾವು ಯಜಮಾನ್ರೇ ಅಂದಂತೆ. ಅಪ್ಪನನ್ನೂ ಅವರು ಪಾಕ್ ಅಂದರು. ಅಪ್ಪ ಹುಬ್ಬು ಗಂಟಿಕ್ಕಿ ನನ್ನ ಮುಖ ನೋಡಿದರು. ಫೌಜಿನಲ್ಲಿದ್ದವರಿಗೆ ಆ ಎರಡಕ್ಷರಕ್ಕೆ ಬೇರೆ ಅರ್ಥ ಅಲ್ವಾ!

ಟೂರ್ ಶುರುವಾಗುವುದು ಸುದಿರ್ಮಾನ್ ರಸ್ತೆಯ ಪ್ರತಿಮೆಯಿಂದ. ವ್ಯಾನಿನಿಂದ ಇಳಿಸಲ್ಲ, ನಿಧಾನ ಮಾಡುತ್ತಾರೆ ಅಷ್ಟೆ. ಉದ್ದ ಕೋಟು, ತಲೆಗೆ ಸುತ್ತಿದ ಬಟ್ಟೆ, ಸೆಲ್ಯೂಟ್ ಹೊಡೆಯುತ್ತ ನಿಂತಿದ್ದಾರೆ. ಅಪ್ಪನ ಮೊದಲ ಪ್ರಶ್ನೆ: ‘ಎಲ್ಲಾರಿಗಿಂತ ದೊಡ್ಡ ಸಾಹೇಬ್ರು ಇವರs ಅಂದ್ರ, ಇವರು ಯಾರಿಗೆ ಸೆಲ್ಯೂಟ್ ಹೊಡ್ಯಾಕತ್ತಾರ?’ ನಾನು ಅನುವಾದ ಮಾಡಿದೆ. ಪಾಕ್ ಜೋರಾಗಿ ನಕ್ಕರು. ಈ ಊರಿನವರೂ ಅದನ್ನೇ ಕೇಳುತ್ತಾರಂತೆ.

ಸುದಿರ್ಮಾನ್ ಮೇಷ್ಟ್ರಾಗಿದ್ದವರು. 1945ರಲ್ಲಿ ಹೊಸ ಸೈನ್ಯದ ಅಧಿಕಾರಿಗಳೇ ಸೇರಿ ಇವರನ್ನ ಮುಖ್ಯಸ್ಥರನ್ನಾಗಿ ಆರಿಸಿದರು. 1948ರ ಡಿಸೆಂಬರ್ 19ಕ್ಕೆ ಮೊದಲು ಈ ದೇಶ ಆಳುತ್ತಿದ್ದ ಡಚ್ಚರು ಆಗಿನ ರಾಜಧಾನಿ ಯೋಗ್ಯಕರ್ತಾಕ್ಕೆ ನುಗ್ಗಿದಾಗ ಅಧ್ಯಕ್ಷ ಸುಕಾರ್ನೋ, ಉಪಾಧ್ಯಕ್ಷ ಹತ್ತಾ ಊರಲ್ಲೇ ಉಳಿದು ಸೆರೆಯಾದರು. ಸುದಿರ್ಮಾನ್‌ಗೆ ಕ್ಷಯ, ಕೆಲಸ ಮಾಡುತ್ತಿದ್ದಿದ್ದು ಒಂದೇ ಶ್ವಾಸಕೋಶ. ಆದರೂ ಕಾಡಿಗೆ ಹೋದರು. ನಡೆಯಲಾಗದೆ ಡೋಲಿಯಲ್ಲಿ ಹೊರಿಸಿಕೊಂಡು ತಿಂಗಳುಗಟ್ಟಲೆ ಗೆರಿಲ್ಲಾ ಯುದ್ಧ ನಡೆಸಿದರು. 1950ರ ಜನವರಿಯಲ್ಲಿ ತೀರಿಕೊಂಡಾಗ ಬರೀ 34 ವರ್ಷ.

‘ಸೈನ್ಯದವರ ವಾದ ಇಲ್ಲಿಂದ ಶುರು’ ಅಂದರು ಪಾಕ್. ‘ರಾಜಕಾರಣಿಗಳು ಕೈಯೆತ್ತಿದರು, ನಾವು ಎತ್ತಲಿಲ್ಲ. ಹಾಗಾಗಿ ಈ ದೇಶದಲ್ಲಿ ನಮಗೂ ಪಾಲಿದೆ ಅಂತ.’

ಅಪ್ಪ ಡೋಲಿಯ ಕಥೆ ಕೇಳುವಾಗ ಬೆನ್ನು ನೆಟ್ಟಗೆ ಮಾಡಿ ಕೂತಿದ್ದರು. ಪಾಲಿನ ಮಾತು ಬಂದಾಗ ಮಾತ್ರ, ‘ಹೊಡದಾಡಿದವಗ ಪೆನ್ಶನ್ ಕೊಡ್ತಾರ, ಕುರ್ಚಿ ಕೊಡೂದಿಲ್ಲ’ ಅಂದರು. ಇದನ್ನ ನಾನು ಅನುವಾದ ಮಾಡಲಿಲ್ಲ.

ಆಮೇಲೆ ಪಾಕ್ ಅಪ್ಪನ ರೆಜಿಮೆಂಟ್ ಯಾವುದು ಅಂತ ಕೇಳಿದರು. ಮರಾಠಾ ಅಂದಕೂಡಲೇ ಮುಖ ಒಂಥರಾ ಆಯಿತು. ‘ಸುರಬಾಯಾ ಗೊತ್ತಾ?’ ಅಂದರು. ಜಪಾನ್ ಸೋತ ಮೇಲೆ ಇಲ್ಲಿಗೆ ಬಂದ ಬ್ರಿಟಿಷ್ ಪಡೆಯಲ್ಲಿ ಜಾಸ್ತಿ ಇದ್ದವರು ಹಿಂದೂಸ್ತಾನದ ಸಿಪಾಯಿಗಳು. ಪೂರ್ವ ಜಾವಾದ ಸುರಬಾಯಾಕ್ಕೆ ಹೋದ ಬ್ರಿಗೇಡಿನಲ್ಲಿ ಮರಾಠಾ ಪಲ್ಟನ್ ಕೂಡ ಇತ್ತು. 1945ರ ಅಕ್ಟೋಬರ್ 30ಕ್ಕೆ ಅವರ ಬ್ರಿಗೇಡಿಯರ್ ಮ್ಯಾಲಬಿ ಸತ್ತರು. ಇಂಡೊನೇಷ್ಯಾದ ಸೈನ್ಯ ಹುಟ್ಟಿದ್ದೇ ಅದೇ ಅಕ್ಟೋಬರ್ 5ಕ್ಕೆ. ಅಂದರೆ ಆಗ 25 ದಿನದ ಕೂಸು. ನವೆಂಬರ್ 10ಕ್ಕೆ ಬ್ರಿಟಿಷ್ ಪಡೆಗೂ ಇಲ್ಲಿನವರಿಗೂ ದೊಡ್ಡ ಯುದ್ಧವೇ ಆಯಿತು. ಅದು ಇಲ್ಲಿ ಈಗಲೂ ವೀರರ ದಿನ. ಅಪ್ಪ ಬಹಳ ಹೊತ್ತು ಮಾತಾಡಲಿಲ್ಲ. ‘ಬೆಳಗಾವಿ ಸೆಂಟರ್‌ದಾಗ ನಮಗ ಬರ್ಮಾ ಹೇಳ್ಯಾರ, ಇಟಲಿ ಹೇಳ್ಯಾರ. ಇದನ್ನ ಯಾರೂ ಹೇಳಿಲ್ಲ ನೋಡು.’

ಮೆಂತೆಂಗ್ ಬಡಾವಣೆಯಲ್ಲಿ ಎರಡು ಮನೆ ತೋರಿಸುತ್ತಾರೆ. ಟೂರಿನ ಜೀವ ಇರೋದೇ ಇಲ್ಲಿ.

ಒಂದು ಜನರಲ್ ಯಾನಿಯ ಮನೆ. 1965ರಲ್ಲಿ ಸೈನ್ಯದ ಮುಖ್ಯಸ್ಥರು. ಅಕ್ಟೋಬರ್ 1ರ ಬೆಳಗಿನ ಜಾವ, ನಾಲ್ಕರ ಸುಮಾರು, ‘ಅಧ್ಯಕ್ಷರು ಕರೀತಿದಾರೆ’ ಅಂತ ಸಿಪಾಯಿಗಳು ಬಂದರು. ಬಟ್ಟೆ ಹಾಕಿಕೊಂಡು ಬರ್ತೀನಿ ಅಂದಿದ್ದಕ್ಕೂ ಬಿಡಲಿಲ್ಲ. ಇವರು ಒಬ್ಬನ ಕೆನ್ನೆಗೆ ಹೊಡೆದು ಒಳಗೆ ತಿರುಗಿದರು. ಗಾಜಿನ ಬಾಗಿಲ ಹೊರಗಿನಿಂದಲೇ ಗುಂಡು ಹಾರಿಸಿದರು. ತೂತು ಬಿದ್ದ ಆ ಬಾಗಿಲು ಹಾಗೇ ಇದೆ. ಅಪ್ಪ ತೂತಿನ ಹತ್ತಿರ ಬಗ್ಗಿ, ಮುಟ್ಟದೆ, ಬೆರಳು ಹಿಡಿದು ಎತ್ತರ ಅಳೆದರು. ‘ಭಾಳ ಸಮೀಪದಿಂದ ಹೊಡದಾರ.’

ಇನ್ನೊಂದು ಜನರಲ್ ನಾಸುತಿಯೋನ್ ಮನೆ. ಒಳಗೆ ಆಳೆತ್ತರದ ಬೊಂಬೆ ಸಿಪಾಯಿಗಳು ಬಂದೂಕು ಹಿಡಿದು ನಿಂತಿದ್ದಾರೆ. ಒಂದು ಮೂಲೆ ತಿರುಗಿದಾಗ ನಾನು ನಿಜವಾಗಲೂ ಬೆಚ್ಚಿದೆ. ಹಿತ್ತಲಲ್ಲಿ ನಾಸುತಿಯೋನ್ ಗೋಡೆ ಹತ್ತುತ್ತಿರುವ ಹಾಗೆ ಬೊಂಬೆ ಮಾಡಿದ್ದಾರೆ. ಅವರು ಗೋಡೆ ಹಾರಿ ಪಕ್ಕದ ಇರಾಕ್ ರಾಯಭಾರಿಯ ಮನೆಗೆ ಬಿದ್ದು ಕಾಲು ಮುರಿದುಕೊಂಡು ಬದುಕಿದರು. ಐದು ವರ್ಷದ ಮಗಳು ಅದೆ ಇರ್ಮಾಗೆ ಗುಂಡು ತಗುಲಿತು. ಅಕ್ಟೋಬರ್ 6ಕ್ಕೆ ಹೋಗಿಬಿಟ್ಟಳು. ಸಹಾಯಕ ಲೆಫ್ಟಿನೆಂಟ್ ತೆಂದೆಯಾನ್‌ನನ್ನೇ ನಾಸುತಿಯೋನ್ ಅಂದುಕೊಂಡು ಹಿಡಿದುಕೊಂಡು ಹೋದರು.

ಪಾಕ್ ನಮ್ಮನ್ನ ಅಲ್ಲೇ ಹೊರಗೆ ಕೂರಿಸಿ ಹೇಳಿದ್ದು ಗೋಡೆ ಹಾರಿದ ಕಥೆಯನ್ನಲ್ಲ, ಅದಕ್ಕಿಂತ ಹಿಂದಿನದನ್ನ. ಇದೇ ನಾಸುತಿಯೋನ್ ಸೈನ್ಯದ ಮುಖ್ಯಸ್ಥರಾಗಿದ್ದಾಗ, 1952ರ ಅಕ್ಟೋಬರ್ 17ಕ್ಕೆ, ಸಂಸತ್ತನ್ನ ವಿಸರ್ಜಿಸಿ ಅಂತ ಅರಮನೆ ಕಡೆಗೆ ಫಿರಂಗಿ ತಿರುಗಿಸಿದ್ದರು. ಸುಕಾರ್ನೋ ಜಗ್ಗಲಿಲ್ಲ, ಇವರ ಹುದ್ದೆಯೇ ಹೋಯಿತು. 1955ರಲ್ಲಿ ವಾಪಸ್ ಬಂದರು. 1957ರಲ್ಲಿ ಮಾರ್ಷಲ್ ಲಾ ಬಂತು. ಅದೇ ವರ್ಷ ಡಚ್ಚರ ತೋಟ, ಕಂಪನಿಗಳನ್ನ ವಶಪಡಿಸಿಕೊಂಡಾಗ ನಡೆಸಲು ಕೂತಿದ್ದು ಸೈನ್ಯದ ಅಧಿಕಾರಿಗಳು. ಮರುವರ್ಷ ನಾಸುತಿಯೋನ್ ‘ನಡುದಾರಿ’ ಅಂತ ಒಂದು ಮಾತು ಹೊರಡಿಸಿದರು. ನಾವು ಸರ್ಕಾರ ಕಿತ್ತುಕೊಳ್ಳಲ್ಲ, ಹಾಗಂತ ಬ್ಯಾರಕ್ಕಿನಲ್ಲಿ ಸುಮ್ನೆ ಕೂರೋದೂ ಇಲ್ಲ. ಆ ಸಣ್ಣ ಬಾಗಿಲಿನಿಂದ ಒಳಗೆ ಬಂದವರು ಆಮೇಲೆ ಮನೆಯನ್ನೇ ತುಂಬಿಕೊಂಡರು. ಸುಕಾರ್ನೋ ಆದಮೇಲೆ ಅಧ್ಯಕ್ಷರಾದ ಜನರಲ್ ಸುಹಾರ್ತೋ ಕಾಲದಲ್ಲಿ ಅದಕ್ಕೆ ‘ದ್ವಿಫುಂಗ್ಸಿ’ ಅಂತ ಹೆಸರು ಬಂತು. ದ್ವಿ ಅಂದರೆ ನಮ್ಮ ದ್ವಿಯೇ. ಎರಡು ಕೆಲಸ: ದೇಶ ಕಾಯೋದು, ಆಳೋದು. 1980ರಲ್ಲಿ ಸುಹಾರ್ತೋ ವಿರುದ್ಧ 50 ಗಣ್ಯರು ಮನವಿಗೆ ಸಹಿ ಹಾಕಿದಾಗ ಅದರಲ್ಲಿ ನಾಸುತಿಯೋನ್ ಸಹಿಯೂ ಇತ್ತು. ತಡವಾಗಿತ್ತು ಅಷ್ಟೆ.

ಊಟದ ಬಗ್ಗೆ ಒಂದು ಮಾತು. ಸಸ್ಯಾಹಾರಿಗಳು ಮೊದಲೇ ಹೇಳಿ. ಇಲ್ಲಿ ತರಕಾರಿ ಸಾರಿಗೂ ಸೀಗಡಿ ಅರೆದು ಹಾಕುತ್ತಾರೆ, ‘ತೆರಾಸಿ’ ಅಂತ. ಪಾಕ್ ಅಡುಗೆಮನೆಗೇ ಹೋಗಿ ಹೇಳಿ ತೆರಾಸಿ ಇಲ್ಲದ ಗಾದೋ-ಗಾದೋ ಮಾಡಿಸಿದರು. ಬೇಯಿಸಿದ ತರಕಾರಿಯ ಮೇಲೆ ಶೇಂಗಾ ಚಟ್ನಿ. ಅಪ್ಪ ಚಟ್ನಿ ನೆಕ್ಕಿ, ‘ನಮ್ಮದರಂಗs ಐತಿ, ಬೆಲ್ಲ ಒಂದೀಟು ಜಾಸ್ತಿ’ ಅಂತ ಪಾಸ್ ಮಾಡಿದರು.

ಮಧ್ಯಾಹ್ನ ಗತೋತ್ ಸುಬ್ರೋತೋ ರಸ್ತೆಯಲ್ಲಿ ಸಾತ್ರಿಯಾ ಮಂಡಲ ಮ್ಯೂಸಿಯಂ ಅನ್ನ ವ್ಯಾನಿನಿಂದಲೇ ತೋರಿಸುತ್ತಾರೆ. ಇದು ಸೈನ್ಯದ ಮ್ಯೂಸಿಯಂ, 1972ರಲ್ಲಿ ಶುರುವಾಗಿದ್ದು. ಅದಕ್ಕೆ ಮುಂಚೆ ಸುಕಾರ್ನೋ ಅವರ ಜಪಾನಿ ಹೆಂಡತಿ ದೇವಿಯ ಮನೆ. ಅಧಿಕಾರ ಹೋದ ಮೇಲೆ ಸುಕಾರ್ನೋರನ್ನ ಗೃಹಬಂಧನದಲ್ಲಿ ಇಟ್ಟಿದ್ದೂ ಇಲ್ಲೇ. ದೇಶ ಕಟ್ಟಿದವರನ್ನ ಕೂಡಿಹಾಕಿದ ಮನೆಯಲ್ಲಿ ಸೈನ್ಯ ತನ್ನ ಪದಕಗಳನ್ನ ಇಟ್ಟುಕೊಂಡಿದೆ. ಇಲ್ಲಿ ಒಳಗೆ ಕರೆದುಕೊಂಡು ಹೋಗದಿದ್ದದ್ದು ನಷ್ಟ.

ಅಲ್ಲಿಂದ ಪೂರ್ವಕ್ಕೆ ಲುಬಾಂಗ್ ಬುವಾಯಾ. ಅಂದರೆ ಮೊಸಳೆ ಗುಂಡಿ. ಆರು ಜನರಲ್‌ಗಳು, ತೆಂದೆಯಾನ್, ಹೀಗೆ ಏಳೂ ಜನರ ಹೆಣವನ್ನ ಎಸೆದ ಬಾವಿ ಇಲ್ಲಿದೆ. ಬಾವಿ ಅಂದರೆ ನಾನು ನಮ್ಮ ಹೊಲದ ಬಾವಿ ಅಂದುಕೊಂಡಿದ್ದೆ. ಇದು ಬರೀ 75 ಸೆಂಟಿಮೀಟರ್ ಅಗಲ, 12 ಮೀಟರ್ ಆಳ. ಒಬ್ಬ ಮನುಷ್ಯ ಹೇಗೋ ಇಳಿಯಬಹುದು. ಅಕ್ಟೋಬರ್ 4ಕ್ಕೆ ಮೇಲೆತ್ತಿದರು. ಹಿಂದೆ ದೊಡ್ಡ ಗರುಡ, ಮುಂದೆ ಸಾಲಾಗಿ ಏಳು ಪ್ರತಿಮೆ. ಕೆಳಗಿನ ಉಬ್ಬುಶಿಲ್ಪದಲ್ಲಿ ಹೆಂಗಸರು ಕುಣಿಯುತ್ತಿದ್ದಾರೆ. ಈ ಕೊಲೆಗಳ ಹೊಣೆಯನ್ನ ಸೈನ್ಯ ಕಮ್ಯುನಿಸ್ಟ್ ಪಕ್ಷದ ಮೇಲೆ ಹಾಕಿತು. ಕಮ್ಯುನಿಸ್ಟ್ ಹೆಂಗಸರು ಜನರಲ್‌ಗಳ ಅಂಗಾಂಗ ಕತ್ತರಿಸಿದರು ಅಂತ ಆಗ ಸೈನ್ಯದ ಪತ್ರಿಕೆಗಳು ಬರೆದವು. ಶವಪರೀಕ್ಷೆ ಮಾಡಿಸಿದವರು ಸುಹಾರ್ತೋ ಅವರೇ, ವೈದ್ಯರ ವರದಿಯಲ್ಲಿ ಅಂಥದ್ದೇನೂ ಇರಲಿಲ್ಲ. ವರದಿ ಜಗತ್ತಿಗೆ ಗೊತ್ತಾಗಿದ್ದು 1987ರಲ್ಲಿ. ಶಿಲ್ಪದ ಹೆಂಗಸರು ಇನ್ನೂ ಕುಣಿಯುತ್ತಲೇ ಇದ್ದಾರೆ.

ಪಕ್ಕದಲ್ಲೇ ‘ಕಮ್ಯುನಿಸ್ಟ್ ಪಕ್ಷದ ದ್ರೋಹದ ಮ್ಯೂಸಿಯಂ’. ಹೆಸರೇ ಹಾಗೆ. ಶಾಲೆ ಮಕ್ಕಳು ಸಾಲಿನಲ್ಲಿ ಬಂದಿದ್ದರು. ಅಪ್ಪ ಒಂದೊಂದೇ ಗಾಜಿನ ಪೆಟ್ಟಿಗೆ ನೋಡುತ್ತ ಬಂದವರು ನಿಂತು ಕೇಳಿದರು: ‘ಮನಿಗೆ ಬಂದು ಹೊಡದವರು ಯಾರು? ಫೌಜಿನವರs ಅಲ್ಲೇನು?’

ಹೌದು. ಅವರು ಅರಮನೆ ಕಾವಲಿನ ಚಕ್ರಬಿರಾವಾ ಪಡೆಯವರು. ನಡೆಸಿದ ಉಂತುಂಗ್ ಒಬ್ಬ ಲೆಫ್ಟಿನೆಂಟ್ ಕರ್ನಲ್.

‘ಮತ್ತ ಫೌಜಿನವರು ಫೌಜಿನವರನ್ನ ಹೊಡದ್ರ, ಅದನ್ನ ಏನಂತಾರ? ಬಗಾವತ್ ಅಂತಾರ. ಆ ಹೆಸರಿನ ಮ್ಯೂಸಿಯಂ ಎಲ್ಲೈತಿ?’

ಪಾಕ್ ಮಕ್ಕಳ ಕಡೆ ನೋಡಿ, ‘ಹೊರಗೆ ಹೇಳ್ತೀನಿ’ ಅಂದರು.

ಪಾರ್ಕಿಂಗಿನಲ್ಲಿ, ಕೊಡೆ ಹಿಡಿದುಕೊಂಡು ಹೇಳಿದರು. ಕಮ್ಯುನಿಸ್ಟ್ ಪಕ್ಷದ ಕೆಲವು ನಾಯಕರ ಕೈ ಇತ್ತು, ಅದು ಸುಳ್ಳಲ್ಲ. ಎಷ್ಟರ ಮಟ್ಟಿಗೆ ಅನ್ನೋದಕ್ಕೆ ಇತಿಹಾಸಕಾರರು ಇನ್ನೂ ಜಗಳ ಆಡ್ತಾರೆ. ಆದರೆ ಶಿಕ್ಷೆ ಆಗಿದ್ದು ಯಾರಿಗೆ? ಮುಂದಿನ ಕೆಲವೇ ತಿಂಗಳಲ್ಲಿ ಜಾವಾ, ಬಾಲಿ, ಉತ್ತರ ಸುಮಾತ್ರಾದಲ್ಲಿ ಕಮ್ಯುನಿಸ್ಟರು ಅಂತ ಐದು ಲಕ್ಷದಿಂದ ಹತ್ತು ಲಕ್ಷ ಜನರನ್ನ ಕೊಂದರು ಅಂತ ಅಂದಾಜು. ರೈತರು, ಮೇಷ್ಟ್ರುಗಳು, ಕೂಲಿ ಸಂಘದವರು. ಜೈಲಿನಿಂದ ಬಂದವರ ಗುರುತಿನ ಚೀಟಿಯಲ್ಲಿ ಎರಡಕ್ಷರದ ಗುರುತು ಇರುತ್ತಿತ್ತು, ಮಾಜಿ ರಾಜಕೀಯ ಕೈದಿ ಅಂತ. ಮಕ್ಕಳಿಗೂ ಸರ್ಕಾರಿ ಕೆಲಸ ಸಿಗುತ್ತಿರಲಿಲ್ಲ. ಪಾಕ್ ಮೇಷ್ಟ್ರಾಗಿದ್ದಾಗ ಪ್ರತಿ ಸೆಪ್ಟೆಂಬರ್ 30ಕ್ಕೆ ಇದರದ್ದೇ ನಾಲ್ಕು ಗಂಟೆಯ ಸಿನಿಮಾವನ್ನ ಟಿವಿಯಲ್ಲಿ ಹಾಕುತ್ತಿದ್ದರು. ಅದನ್ನ ಮಕ್ಕಳು ನೋಡಿದ್ದಾರಾ ಅಂತ ವಿಚಾರಿಸೋದು ಇವರ ಕೆಲಸ. 1998ರಲ್ಲಿ ಅದು ನಿಂತಿತು.

ಸುಹಾರ್ತೋಗೆ ಅಧಿಕಾರ ಸಿಕ್ಕಿದ್ದು 1966ರ ಮಾರ್ಚ್ 11ಕ್ಕೆ ಸುಕಾರ್ನೋ ಸಹಿ ಹಾಕಿದ ಒಂದು ಪತ್ರದಿಂದ. ಅದರ ಮೂಲ ಪ್ರತಿ ಇವತ್ತಿಗೂ ಸಿಕ್ಕಿಲ್ಲ.

‘ಚಾರ್ಜ್ ಕೊಟ್ಟ ಕಾಗದಾನs ಕಳಕೊಂಡಾರ?’ ಅಪ್ಪನಿಗೆ ಇದೇ ಎಲ್ಲಕ್ಕಿಂತ ದೊಡ್ಡ ಆಘಾತ. ಸ್ಟೋರಿನ ಒಂದು ಕಂಬಳಿ ಲೆಕ್ಕ ತಪ್ಪಿದ್ದಕ್ಕೆ ಎರಡು ರಾತ್ರಿ ನಿದ್ದೆಗೆಟ್ಟವರು ಅವರು.

ಆಮೇಲಿನದನ್ನ ಪಾಕ್ ಬೇಗ ಮುಗಿಸಿದರು. 1998ರ ಮೇ 21ಕ್ಕೆ ಸುಹಾರ್ತೋ ಇಳಿದರು. 2004ರಲ್ಲಿ ಸಂಸತ್ತಿನಲ್ಲಿ ಸೈನ್ಯಕ್ಕಿದ್ದ ಕಾಯಂ ಸೀಟುಗಳು ಹೋದವು. 2025ರ ಮಾರ್ಚಿನಲ್ಲಿ ಕಾನೂನು ತಿದ್ದಿ, ಸೇವೆಯಲ್ಲಿರುವ ಅಧಿಕಾರಿಗಳು ಕೂರಬಹುದಾದ ಸರ್ಕಾರಿ ಸಂಸ್ಥೆಗಳನ್ನ 10ರಿಂದ 14 ಮಾಡಿದರು. ಹುಡುಗರು ಬೀದಿಗಿಳಿದರು. ಈಗಿನ ಅಧ್ಯಕ್ಷ ಪ್ರಬೋವೋ ಮಾಜಿ ಜನರಲ್, ಸುಹಾರ್ತೋ ಅವರ ಮಾಜಿ ಅಳಿಯ. ಅದೇ ವರ್ಷದ ನವೆಂಬರ್ 10ಕ್ಕೆ, ಸುರಬಾಯಾದ ದಿನವೇ, ಸುಹಾರ್ತೋಗೆ ರಾಷ್ಟ್ರೀಯ ವೀರ ಅನ್ನೋ ಬಿರುದು ಕೊಟ್ಟರು. ಇಷ್ಟು ಹೇಳಿ ಪಾಕ್ ಕೊಡೆ ಮಡಚಿ ವ್ಯಾನ್ ಹತ್ತಿದರು.

ಬುಕ್ ಮಾಡುವವರಿಗೆ: ಶನಿವಾರ ಹೋಗಿ, ಸೋಮವಾರ ಮ್ಯೂಸಿಯಂಗಳು ಮುಚ್ಚಿರುತ್ತವೆ. ಮುಂದಿನ ಸೀಟು ಕೇಳಿ. ಟಿಕೆಟ್ ಸೇರಿದೆಯಾ ಅಂತ ಬರೆಸಿಕೊಳ್ಳಿ. ಚಿಕ್ಕ ಮಕ್ಕಳನ್ನ ಕರೆದುಕೊಂಡು ಹೋಗಬೇಡಿ, ಲುಬಾಂಗ್ ಬುವಾಯಾದ ಬೊಂಬೆಗಳು ರಾತ್ರಿ ಕನಸಿಗೆ ಬರುತ್ತವೆ.

ವಾಪಸ್ ಬರುವಾಗ ಮಳೆ, ಭಯಂಕರ ಜಾಮ್. ಅಪ್ಪ ಕಿಟಕಿಯ ಆವಿ ಒರೆಸಿ ರಸ್ತೆಯ ಬೋರ್ಡು ಓದುತ್ತಿದ್ದರು. ಸುತೋಯೋ ರಸ್ತೆ. ಒಂದು ಬೆರಳು ಮಡಚಿದರು. ಹರ್ಯೋನೋ. ಎರಡು. ಗತೋತ್ ಸುಬ್ರೋತೋ ಬಂದಾಗ ನನ್ನ ಕಡೆ ತಿರುಗಿದರು. ಇವರು ಆ ಪಟ್ಟಿಯವರಲ್ಲ, 1962ರಲ್ಲೇ ತೀರಿಕೊಂಡವರು ಅಂದೆ. ನಮ್ಮ ಮನೆ ಕಡೆ ತಿರುಗುವ ರಸ್ತೆಗೆ ಕ್ಯಾಪ್ಟನ್ ತೆಂದೆಯಾನ್ ಹೆಸರು. ಸತ್ತ ಮೇಲೆ ಬಡ್ತಿ ಕೊಟ್ಟಿದ್ದಾರೆ. ಅಪ್ಪ ಮೂರನೇ ಬೆರಳು ಮಡಚಿ, ‘ಉಳದವರು ಎಲ್ಲೆಲ್ಲಿ ಅದಾರ, ನಾಳೆ ಮ್ಯಾಪಿನ್ಯಾಗ ತೋರಸು’ ಅಂದರು.