ಕೆಲಸ ಹೋದಾಗ ಸಿಗುವ ಔಟ್‌ಪ್ಲೇಸ್‌ಮೆಂಟ್ ಸೇವೆ: ಪೋರ್ಟಲ್ ಬಿಡಿ, ಕೋಚ್‌ರನ್ನು ಹಿಡಿಯಿರಿ

ಲೇಆಫ್ ಪತ್ರದ ಜೊತೆಗೇ ಒಂದು ಲಾಗಿನ್ ಕೂಡ ಬಂದಿತ್ತು. ಔಟ್‌ಪ್ಲೇಸ್‌ಮೆಂಟ್ ಅನ್ನುತ್ತಾರೆ. ಅಂದರೆ ನಿಮ್ಮನ್ನು ತೆಗೆದ ಕಂಪನಿಯೇ ದುಡ್ಡು ಕಟ್ಟಿ, ಹೊಸ ಕೆಲಸ ಹುಡುಕಲು ನೆರವಾಗುವ ಇನ್ನೊಂದು ಸಂಸ್ಥೆಗೆ ನಿಮ್ಮನ್ನು ಒಪ್ಪಿಸುತ್ತದೆ. ನನಗೆ ಸಿಕ್ಕಿದ್ದು ಯಾವ ಸಂಸ್ಥೆ ಅಂತ ನಾನಿಲ್ಲಿ ಹೇಳುವುದಿಲ್ಲ. ಹೊರಗೆ ಹಾಕಿದವರ ಹಂಗು ಯಾಕೆ ಅಂತ ಕೆಲವರು ಲಾಗಿನ್ನೇ ಆಗುವುದಿಲ್ಲ. ಸಿಟ್ಟೇನೋ ಸರಿ, ಆದರೆ ದುಡ್ಡು ಅವರದು ತಾನೇ?

ಮೊದಲು ಬೈಯುವುದನ್ನು ಬೈದುಬಿಡುತ್ತೇನೆ. ಆ ಲಾಗಿನ್‌ನಿಂದ ತೆರೆಯುವ ವೆಬ್‌ಸೈಟ್, ಅಂದರೆ ಪೋರ್ಟಲ್, ಶುದ್ಧ ದಂಡ. ವರ್ಷಗಟ್ಟಲೆ ಅಕೌಂಟ್ಸ್ ನೋಡಿಕೊಂಡವರಿಗೆ 'ನಿಮಗಾಗಿಯೇ ಆರಿಸಿದ್ದು' ಅಂತ ಸೇಲ್ಸ್ ಟ್ರೈನಿ ಕೆಲಸದ ಮೇಲ್ ಬರುತ್ತದೆ. ರೆಸ್ಯೂಮ್ ಟೆಂಪ್ಲೇಟ್‌ಗೆ ಹಾಕಿದರೆ ಎಲ್ಲರೂ ಒಂದೇ ಥರ ಕಾಣುತ್ತಾರೆ. ವೆಬಿನಾರ್ ಇನ್ನೂ ಕಿರಿಕಿರಿ. 'ಇದನ್ನು ಅವಕಾಶ ಅಂದುಕೊಳ್ಳಿ' ಅಂತ ನಗುನಗುತ್ತಾ ಹೇಳುತ್ತಾರೆ. ಹೋಮ್ಸ್ ಮತ್ತು ರಾಹೆ ಅನ್ನುವ ಇಬ್ಬರು ಮನೋವೈದ್ಯರು 1967ರಲ್ಲಿ ಬದುಕಿನ ಘಟನೆಗಳಿಗೆ ಒತ್ತಡದ ಅಂಕ ಕೊಟ್ಟು ಒಂದು ಪಟ್ಟಿ ಮಾಡಿದ್ದರು. ಅದರಲ್ಲಿ ಆಪ್ತ ಗೆಳೆಯರ ಸಾವಿಗೆ 37, ಕೆಲಸದಿಂದ ತೆಗೆದರೆ 47. ಅಂಥದ್ದನ್ನು ಸ್ಲೈಡ್ ತೋರಿಸಿ ಸಮಾಧಾನ ಮಾಡೋಕಾಗುತ್ತಾ?

ಈಗ ಕೋಚ್ ವಿಷಯ, ಅಂದರೆ ಕೆಲಸ ಹುಡುಕುವಾಗ ನೇರವಾಗಿ ಮಾತಾಡಿ ದಾರಿ ತೋರಿಸಲು ಆ ಸಂಸ್ಥೆ ಕೊಡುವವರು. ಆಕೆ ಮೊದಲ ದಿನ ರೆಸ್ಯೂಮ್ ತೆರೆಯಲೇ ಇಲ್ಲ. 'ದಿನಾ 20 ನಿಮಿಷ, ಐದು ದಿನ, ಕೆಲಸ ಹೋದದ್ದರ ಬಗ್ಗೆ ಮನಸ್ಸಿಗೆ ಬಂದದ್ದನ್ನೆಲ್ಲ ಬರೆಯಿರಿ, ಯಾರಿಗೂ ತೋರಿಸಬೇಡಿ' ಅಂದರು. ಸುಮ್ನೆ ಟೈಮ್‌ಪಾಸ್ ಅಲ್ವಾ ಅನಿಸಿತು. ಆದರೆ ಇದರ ಹಿಂದೆ 1994ರ ಒಂದು ಅಧ್ಯಯನ ಇದೆ. ಮನಶ್ಶಾಸ್ತ್ರಜ್ಞ ಪೆನ್ನೆಬೇಕರ್ ಮತ್ತು ಜೊತೆಯವರು ಕೆಲಸ ಕಳೆದುಕೊಂಡ ವೃತ್ತಿಪರರಿಂದ ಹೀಗೇ ಬರೆಸಿದಾಗ, ಬರೆದವರಿಗೆ ಬೇಗ ಕೆಲಸ ಸಿಕ್ಕಿತ್ತು. ಅವರೇನೂ ಜಾಸ್ತಿ ಅರ್ಜಿ ಹಾಕಿರಲಿಲ್ಲ, ಜಾಸ್ತಿ ಫೋನೂ ಮಾಡಿರಲಿಲ್ಲ.

ಯಾಕಿರಬಹುದು ಅನ್ನುವುದು ಕೋಚ್ ಮಾಡಿಸಿದ ಮಾಕ್ ಇಂಟರ್‌ವ್ಯೂನಲ್ಲಿ, ಅಂದರೆ ಅಭ್ಯಾಸದ ಸಂದರ್ಶನದಲ್ಲಿ, ಗೊತ್ತಾಯಿತು. 'ಹಿಂದಿನ ಕೆಲಸ ಯಾಕೆ ಬಿಟ್ಟಿರಿ?' ಅಂತ ಕೇಳಿದರು. ನನ್ನ ಉತ್ತರ ರೆಕಾರ್ಡ್ ಮಾಡಿ ಕೇಳಿಸಿದರು. ಮೊದಲು ಚೆನ್ನಾಗೇ ಇತ್ತು, ಮ್ಯಾನೇಜರ್ ವಿಷಯ ಬಂದ ಕೂಡಲೇ ದನಿ ಏರಿತು, ಆಮೇಲೆ ಯಾರಿಗೆ ಪ್ರಮೋಷನ್ ಕೊಟ್ಟರು, ಯಾರನ್ನು ಉಳಿಸಿಕೊಂಡರು ಅನ್ನುವ ಪುರಾಣವೆಲ್ಲ ಶುರುವಾಯಿತು. ಕೋಚ್ ಅದನ್ನು ಎರಡು ವಾಕ್ಯಕ್ಕೆ ಇಳಿಸಿದರು: 'ನಮ್ಮ ವಿಭಾಗ ಮುಚ್ಚಿದರು. ನನ್ನ ಹುದ್ದೆಯೂ ಅದರ ಜೊತೆ ಹೋಯಿತು.' ಅಷ್ಟು ಹೇಳಿ ಬಾಯಿ ಮುಚ್ಚಬೇಕು, ಮುಂದಿನ ಪ್ರಶ್ನೆ ಅವರೇ ಕೇಳಲಿ. ಆ ಮೌನ ತಡೆದುಕೊಳ್ಳುವುದೇ ನಿಜವಾದ ಅಭ್ಯಾಸ! ಸಿಟ್ಟೆಲ್ಲ ಮೊದಲೇ ಕಾಗದಕ್ಕೆ ಇಳಿಸಿದವರಿಗೆ ಇದು ಸ್ವಲ್ಪ ಸುಲಭ ಇರಬೇಕು.

ಕೊರತೆ ಅಂದರೆ ಕೋಚ್ ಸಿಗುವ ಗಂಟೆಗಳು ತೀರಾ ಕಮ್ಮಿ, ಮುಗಿದ ಮೇಲೆ ಮತ್ತೆ ಪೋರ್ಟಲ್ಲೇ ಗತಿ. ಕೋಚ್‌ಗೆ ಐದಕ್ಕೆ ಐದು, ಪೋರ್ಟಲ್‌ಗೆ ಒಂದು. ನಿಮಗೂ ಇಂಥದ್ದು ಕೊಟ್ಟರೆ ಕೆಲಸ ಬಿಡುವ ಕಾಗದಗಳಿಗೆ ಸಹಿ ಹಾಕುವ ಮುಂಚೆಯೇ ಎಚ್‌ಆರ್‌ನವರನ್ನು ಎರಡು ವಿಷಯ ಕೇಳಿಕೊಳ್ಳಿ: ಕೋಚ್ ಜೊತೆ ನೇರವಾಗಿ ಎಷ್ಟು ಗಂಟೆ ಇದೆ, ಮತ್ತು ಸ್ವಲ್ಪ ದಿನ ಬಿಟ್ಟು ಶುರು ಮಾಡಬಹುದಾ. ಮೊದಲ ವಾರ ತಲೆಗೆ ಏನೂ ಹೋಗುವುದಿಲ್ಲ, ಆಗಲೇ ಗಂಟೆಗಳನ್ನು ಖರ್ಚು ಮಾಡಬೇಡಿ.