ಫೈಲಿನೊಳಗೆ ಟೀಚರ್ ಬಂದ ಮೇಲೆ: ಫಿಗ್ಮಾದೊಂದಿಗೆ ಆರು ವರ್ಷ

ಫಿಗ್ಮಾ ಎಂಬ ವಿನ್ಯಾಸ ತಂತ್ರಾಂಶವನ್ನು ಹೇಗೆ ಬಳಸಬೇಕು ಎಂದು ನನಗೆ ಕಲಿಸಿದ್ದು ‘ಸ್ತ್ರೀರೋಗ ತಜ್ಞರು’ ಎಂಬ ಎರಡು ಪದಗಳು.

ಮುಂಬೈಯ ಅಂಧೇರಿಯಲ್ಲಿ ಒಂದು ಸಣ್ಣ ಸಂಸ್ಥೆಗಾಗಿ ನಾನು ಆ್ಯಪ್‌ಗಳ ಪರದೆಗಳನ್ನು ವಿನ್ಯಾಸ ಮಾಡುತ್ತೇನೆ. ಸೊಲ್ಲಾಪುರ, ಅಕ್ಕಲಕೋಟೆ ಕಡೆಯ ಸಣ್ಣ ದವಾಖಾನೆಗಳಿಗೆ ಒಂದು ಆ್ಯಪ್ ಮಾಡುವ ಕೆಲಸ ಬಂದಿತ್ತು. ಮನೆಯಲ್ಲೇ ಕುಳಿತು ವೈದ್ಯರ ಭೇಟಿಯ ಸಮಯ ಗೊತ್ತುಮಾಡಿಕೊಳ್ಳುವ ಆ್ಯಪ್ ಅದು. ಮರಾಠಿ, ಕನ್ನಡ, ಹಿಂದಿ, ಇಂಗ್ಲಿಷ್ ನಾಲ್ಕರಲ್ಲೂ ಇರಬೇಕಿತ್ತು. ನಾವು ಎಲ್ಲ ಪರದೆಗಳನ್ನೂ ಇಂಗ್ಲಿಷಿನಲ್ಲಿ ಮುಗಿಸಿ, ಒಪ್ಪಿಗೆ ಪಡೆದು, ಕೊನೆಯ ವಾರದಲ್ಲಿ ಕನ್ನಡವನ್ನು ತಂದು ಸುರಿದೆವು. ‘ಸ್ತ್ರೀ’ಯ ತಕಾರದ ಒತ್ತು, ಅದರ ಜೊತೆಗಿನ ರಕಾರ ಎರಡೂ ಚೌಕಟ್ಟಿನ ಅಂಚಿಗೆ ಸಿಕ್ಕಿ ಕತ್ತರಿಸಿಹೋಗಿದ್ದವು. ‘ಮತ್ತೊಮ್ಮೆ ಪ್ರಯತ್ನಿಸಿ’ ಎಂಬುದು ಗುಂಡಿಯಿಂದ ಹೊರಗೆ ಚಾಚಿತ್ತು. ತಂತ್ರಾಂಶದ ತಪ್ಪಲ್ಲ, ನಾವು ಕೆಲಸ ಮಾಡಿದ ಕ್ರಮದ ತಪ್ಪು. ಇಂಗ್ಲಿಷಿನ ಅಳತೆಗೆ ಹೊಲಿದ ಅಂಗಿಯನ್ನು ಕನ್ನಡಕ್ಕೆ ತೊಡಿಸಲು ಹೋಗಿದ್ದೆವು. ಕನ್ನಡದವಳಾದ ನನಗೇ ಇದು ಮೊದಲು ಹೊಳೆಯಲಿಲ್ಲವಲ್ಲ ಎಂಬ ನೋವು ಬಹಳ ದಿನ ಕಾಡಿತು.

ನಾನು ಫಿಗ್ಮಾ ಬಳಸಲು ಆರಂಭಿಸಿದ್ದು 2019ರಲ್ಲಿ. ಡೈಲನ್ ಫೀಲ್ಡ್ ಮತ್ತು ಇವಾನ್ ವಾಲೆಸ್ 2012ರಲ್ಲಿ ಕಟ್ಟಲು ಆರಂಭಿಸಿದ ಈ ತಂತ್ರಾಂಶ ಎಲ್ಲರಿಗೂ ತೆರೆದುಕೊಂಡಿದ್ದು 2016ರಲ್ಲಿ. ಬ್ರೌಸರಿನಲ್ಲೇ ನಡೆಯುತ್ತದೆ, ಒಂದೇ ಫೈಲಿನಲ್ಲಿ ಹಲವರು ಒಟ್ಟಿಗೆ ಕೈಯಾಡಿಸಬಹುದು ಎಂಬುದೇ ಅದರ ಹೆಗ್ಗಳಿಕೆ. ಆ ಗುಣದ ಬೆಲೆ ನನಗೆ ತಿಳಿದಿದ್ದು 2020ರ ಮಾರ್ಚ್‌ನಲ್ಲಿ, ಲೋಕಲ್ ರೈಲು ನಿಂತಾಗ. ನಾನು ಡೊಂಬಿವಲಿಯ ಮನೆಯಲ್ಲಿ, ಸಹೋದ್ಯೋಗಿಗಳು ವಿರಾರ್‌ನಲ್ಲಿ, ಪನವೇಲ್‌ನಲ್ಲಿ. ಆದರೂ ಒಬ್ಬರು ಎಳೆದ ಗೆರೆ ಇನ್ನೊಬ್ಬರ ಪರದೆಯ ಮೇಲೆ ಅದೇ ಕ್ಷಣಕ್ಕೆ ಮೂಡುತ್ತಿತ್ತು. ಮೇಲ್ತುದಿಯಲ್ಲಿರುವ ಸಹೋದ್ಯೋಗಿಯ ಚಿತ್ರವನ್ನು ಒತ್ತಿದರೆ ಅವರು ನೋಡುತ್ತಿರುವುದನ್ನೇ ನಾವೂ ನೋಡುತ್ತಾ ಹಿಂಬಾಲಿಸಬಹುದು. ಇಂದಿಗೂ ನಮ್ಮ ವಿನ್ಯಾಸ ಚರ್ಚೆಗಳೆಲ್ಲ ಹೀಗೆಯೇ ನಡೆಯುತ್ತವೆ.

ಆದರೆ ‘ನಾವು’ ಎಂದರೆ ವಿನ್ಯಾಸಕಾರರು, ಡೆವಲಪರ್‌ಗಳು, ಅಷ್ಟೇ. ಪದಗಳನ್ನು ಬರೆಯುವವರು ಹೊರಗೇ ಉಳಿದಿದ್ದರು. ಅವರು ಒಂದು ಪಟ್ಟಿಯಲ್ಲಿ ಅನುವಾದ ಮಾಡಿ ಕಳುಹಿಸುತ್ತಿದ್ದರು. ಆ ಪದ ಎಲ್ಲಿ ಕೂರುತ್ತದೆ, ಗುಂಡಿಯ ಮೇಲೋ ಶೀರ್ಷಿಕೆಯಲ್ಲೋ, ಅವರಿಗೆ ಕಾಣುತ್ತಿರಲಿಲ್ಲ. ದವಾಖಾನೆ ಆ್ಯಪಿನ ಆ ಎಡವಟ್ಟಿನ ನಂತರ ನಾನು ಹಟ ಹಿಡಿದು ನಮ್ಮ ಕಟ್ಟಡದಲ್ಲೇ ಇರುವ ನಿವೃತ್ತ ಶಿಕ್ಷಕಿಯೊಬ್ಬರನ್ನು ಫೈಲಿನೊಳಗೆ ಕರೆದುಕೊಂಡೆ. ಮುಂಬೈ ಮಹಾನಗರಪಾಲಿಕೆಯ ಕನ್ನಡ ಶಾಲೆಯಲ್ಲಿ ಕಲಿಸಿದವರು, ಹುಟ್ಟೂರು ಜಮಖಂಡಿ. ಎಲ್ಲರಿಗೂ ಅವರು ಟೀಚರ್. ನೋಡುವ ಅನುಮತಿ ಇದ್ದವರು ಹಣ ಕೊಡದೆಯೇ ಕಾಮೆಂಟ್ ಹಾಕಬಹುದು. ಒಂದು ಖಾತೆ ತೆರೆದರೆ ಸಾಕು. ಮೊದಲ ದಿನ ಕೀಲಿಮಣೆಯ ‘ಸಿ’ ಒತ್ತಿ, ಬೇಕಾದ ಪದದ ಮೇಲೆ ಕ್ಲಿಕ್ ಮಾಡುವುದನ್ನು ಮಾತ್ರ ಹೇಳಿಕೊಟ್ಟೆ.

ಅವರ ಮೊದಲ ಕಾಮೆಂಟ್ ‘ಅಮಾನ್ಯ ಸಂಖ್ಯೆ’ ಎಂಬ ಕೆಂಪು ಸಾಲಿನ ಮೇಲೆ ಬಿತ್ತು. “ನೋಡಮ್ಮಾ, ಕಾಯಿಲೆಯಾಗಿ ಬಂದವರನ್ನು ಹೀಗೆ ಗದರಿಸುತ್ತಾರೆಯೇ? ಏನು ಮಾಡಬೇಕೆಂದು ಹೇಳು.” ಅದು ‘ಮೊಬೈಲ್ ಸಂಖ್ಯೆಯಲ್ಲಿ ಹತ್ತು ಅಂಕಿಗಳಿರಬೇಕು’ ಎಂದಾಯಿತು. ಸಾಲು ಉದ್ದವಾಯಿತು, ಜಾಗ ಸಾಲಲಿಲ್ಲ, ಕೆಳಗಿನ ಗುಂಡಿಯನ್ನು ಸರಿಸಬೇಕಾಯಿತು. ಆದರೆ ಅದು ಎರಡನೆಯ ದಿನವೇ ತಿಳಿದದ್ದರಿಂದ ಹತ್ತು ನಿಮಿಷದ ಕೆಲಸವಾಗಿತ್ತು. ಕೊನೆಯ ವಾರದಲ್ಲಿ ತಿಳಿದಿದ್ದರೆ ಅದೇ ಕೆಲಸ ಮೂರು ದಿನ ತಿನ್ನುತ್ತಿತ್ತು. ಫಿಗ್ಮಾದಿಂದ ಹೆಚ್ಚಿನ ಲಾಭ ಬೇಕೆಂದು ನನ್ನನ್ನು ಕೇಳುವವರಿಗೆಲ್ಲ ನಾನು ಹೇಳುವುದು ಇದನ್ನೇ: ಹೊಸ ಪ್ಲಗಿನ್ (ಫಿಗ್ಮಾಕ್ಕೆ ಸೇರಿಸಿಕೊಳ್ಳುವ ಹೆಚ್ಚುವರಿ ಸಾಧನ) ಹುಡುಕುವ ಮೊದಲು, ಭಾಷೆ ಬಲ್ಲವರನ್ನು ಮೊದಲ ದಿನವೇ ಫೈಲಿನೊಳಗೆ ಕರೆಯಿರಿ. ನಿಜವಾದ ಪದಗಳಿಲ್ಲದ ಪರದೆ ಇನ್ನೂ ವಿನ್ಯಾಸವೇ ಆಗಿಲ್ಲ ಎಂಬುದು ನನ್ನ ದೃಢ ನಂಬಿಕೆ.

ಇನ್ನು ಉಪಕರಣಗಳ ಮಾತು. ಕನ್ನಡಕ್ಕೆ ಎಲ್ಲಕ್ಕಿಂತ ಹೆಚ್ಚು ನೆರವಾಗುವುದು ಆಟೊ ಲೇಔಟ್, ಒಳಗಿರುವುದಕ್ಕೆ ತಕ್ಕಂತೆ ಚೌಕಟ್ಟು ತಾನೇ ಹಿಗ್ಗುವ, 2019ರ ಕೊನೆಯಲ್ಲಿ ಬಂದ ಸೌಲಭ್ಯ. ಚೌಕಟ್ಟನ್ನು ಆಯ್ದುಕೊಂಡು ಶಿಫ್ಟ್ ಮತ್ತು ‘ಎ’ ಒತ್ತಿದರೆ ಸಾಕು. ಗುಂಡಿಯ ಅಗಲ, ಎತ್ತರ ಎರಡನ್ನೂ ಒಳಗಿನ ಪದಕ್ಕೆ ತಕ್ಕಂತೆ ಹಿಗ್ಗಲು ಬಿಡಿ. ಅಂಚಿನ ಜಾಗವನ್ನು ಮಾತ್ರ ನೀವು ನಿಗದಿ ಮಾಡಿ. ಎತ್ತರಕ್ಕೆ ಅಂಕಿ ಕಟ್ಟಿಹಾಕಿದರೆ ಒತ್ತಕ್ಷರ ಬಲಿಯಾಗುತ್ತದೆ. ಸಾಲಿನ ಎತ್ತರವನ್ನು ಇಂಗ್ಲಿಷಿಗೆ ನಾವು ಅಕ್ಷರದ ಗಾತ್ರದ ನೂರಿಪ್ಪತ್ತು ಶೇಕಡಾ ಇಡುತ್ತಿದ್ದೆವು. ಕನ್ನಡಕ್ಕೆ ಈಗ ನೂರೈವತ್ತರಿಂದ ನೂರರವತ್ತು. ಮೇಲಿನ ಸಾಲಿನ ಒತ್ತು, ಕೆಳಗಿನ ಸಾಲಿನ ಗುಡಿಸು ಒಂದಕ್ಕೊಂದು ತಾಗದೆ ಉಸಿರಾಡುತ್ತವೆ. ಪರೀಕ್ಷೆಗೆಂದು ನಾನು ಪ್ರತಿ ಫೈಲಿನಲ್ಲೂ ‘ಶಸ್ತ್ರಚಿಕಿತ್ಸೆ’, ‘ರಾಷ್ಟ್ರೀಯ’, ‘ಸ್ತ್ರೀರೋಗ’ ಈ ಮೂರು ಪದಗಳನ್ನು ಇಟ್ಟಿರುತ್ತೇನೆ. ಇವು ಸರಿಯಾಗಿ ಕಂಡರೆ ಉಳಿದವು ಕಾಣುತ್ತವೆ.

ಅಕ್ಷರಶೈಲಿಯ ವಿಚಾರದಲ್ಲಿ ನನಗೊಂದು ವಿಶೇಷ ಸಂತೋಷವಿದೆ. ಗೂಗಲ್ ಫಾಂಟ್ಸ್ ಸಂಗ್ರಹ ಫಿಗ್ಮಾದೊಳಗೆ ಸಿದ್ಧವಾಗಿಯೇ ಸಿಗುತ್ತದೆ. ಅದರಲ್ಲಿರುವ ‘ಅನೇಕ್ ಕನ್ನಡ’ವನ್ನು ರೂಪಿಸಿದ ಏಕ್ ಟೈಪ್ ಬಳಗ ಇದೇ ಮುಂಬೈಯದು. ಅನೇಕ್ ಹತ್ತು ಲಿಪಿಗಳಲ್ಲಿದೆ. ದಪ್ಪವನ್ನೂ ಅಗಲವನ್ನೂ ಬೇಕಾದಂತೆ ಬದಲಿಸಬಹುದು. ಮರಾಠಿ ಪರದೆಯಿಂದ ಕನ್ನಡ ಪರದೆಗೆ ಹೋದಾಗ ಬೇರೆ ಮನೆಗೆ ಹೋದಂತೆ ಅನಿಸುವುದಿಲ್ಲ. ಜಾಗ ತೀರಾ ಇಕ್ಕಟ್ಟಾದ ಕಡೆ ಅಗಲವನ್ನು ಸ್ವಲ್ಪ ತಗ್ಗಿಸುತ್ತೇವೆ, ಅಕ್ಷರದ ಗಾತ್ರವನ್ನು ಕುಗ್ಗಿಸುವುದಿಲ್ಲ. ಆ್ಯಪ್ ತೆರೆಯುವವರಲ್ಲಿ ಕನ್ನಡಕ ಹಾಕಿಕೊಂಡ ಅಜ್ಜಂದಿರೂ ಇರುತ್ತಾರೆ.

2023ರಲ್ಲಿ ಬಂದ ವೇರಿಯೆಬಲ್‌ಗಳು, ಅಂದರೆ ಒಂದೆಡೆ ಬದಲಿಸಿದರೆ ಎಲ್ಲೆಡೆ ಬದಲಾಗುವ ಹೆಸರಿಟ್ಟ ಮೌಲ್ಯಗಳು, ನಮ್ಮ ಕೆಲಸದ ರೂಪವನ್ನೇ ಬದಲಿಸಿದವು. ಬಣ್ಣಕ್ಕೆ, ಅಳತೆಗೆ ಮಾತ್ರವಲ್ಲ, ಪದಗಳಿಗೂ ವೇರಿಯೆಬಲ್ ಮಾಡಬಹುದು. ಪ್ರತಿ ಪದಕ್ಕೂ ನಾಲ್ಕು ಭಾಷೆಯ ಮೋಡ್‌ಗಳಿರುವ ಒಂದು ಸಂಗ್ರಹ ಮಾಡಿಕೊಂಡೆವು. ಈಗ ಪರದೆಯನ್ನು ಆಯ್ದು ಮೋಡ್ ಬದಲಿಸಿದರೆ ಇಡೀ ಪರದೆ ಕನ್ನಡವಾಗುತ್ತದೆ, ಮತ್ತೆ ಮರಾಠಿಯಾಗುತ್ತದೆ. ಹೀಗೆ ಹಲವು ಮೋಡ್‌ಗಳನ್ನು ಇಟ್ಟುಕೊಳ್ಳಲು ಹಣ ಕೊಡುವ ಯೋಜನೆ ಬೇಕು. ನಾಲ್ಕರಲ್ಲಿ ಉದ್ದವಾದ ಭಾಷೆಯಲ್ಲೇ ಮೊದಲು ವಿನ್ಯಾಸ ಮಾಡಿ ಎಂಬ ನಿಯಮ ನಮ್ಮಲ್ಲಿದೆ, ಮತ್ತು ಅದು ಹೆಚ್ಚಾಗಿ ಕನ್ನಡವೇ ಆಗಿರುತ್ತದೆ.

ಶಿಸ್ತಿಲ್ಲದಿದ್ದರೆ ಇದೆಲ್ಲವೂ ವ್ಯರ್ಥ. ಒಮ್ಮೆ ನಮ್ಮ ತಂಡದವರು ಅವಸರದಲ್ಲಿ ಗುಂಡಿಗಳನ್ನು ಮೂಲ ಕಾಂಪೊನೆಂಟ್‌ನಿಂದ, ಅಂದರೆ ತಿದ್ದಿದರೆ ಪ್ರತಿಗಳೆಲ್ಲ ತಾವೇ ಬದಲಾಗುವ ಮಾದರಿಯಿಂದ, ಕಡಿದು ಬೇರ್ಪಡಿಸಿ ಬಳಸಿದ್ದರು. ಮೂಲವನ್ನು ತಿದ್ದಿದಾಗ ಅವು ಬದಲಾಗಲೇ ಇಲ್ಲ. ಒಂದೊಂದನ್ನೇ ಹುಡುಕಿ ಸರಿಪಡಿಸಲು ಒಂದು ಶನಿವಾರವಿಡೀ ಹೋಯಿತು. ಬೇರ್ಪಡಿಸುವ ಮೊದಲು ಒಬ್ಬರನ್ನಾದರೂ ಕೇಳಬೇಕು ಎಂದು ಅಂದಿನಿಂದ ಒಪ್ಪಂದವಾಗಿದೆ. ಎಲ್ಲವನ್ನೂ ಒಂದೇ ಫೈಲಿನಲ್ಲಿ ತುಂಬಿದ್ದೂ ನಮ್ಮದೇ ತಪ್ಪು. ಬ್ರೌಸರಿನ ಒಂದು ಟ್ಯಾಬಿನಲ್ಲಿ ಫಿಗ್ಮಾ ಬಳಸಬಹುದಾದ ಮೆಮೊರಿಗೆ ಮಿತಿ ಇದೆ, ಮರೆಮಾಡಿದ ಪದರಗಳೂ ಅದರೊಳಗೇ ಲೆಕ್ಕ. ಈಗ ಕಾಂಪೊನೆಂಟ್‌ಗಳ ಲೈಬ್ರರಿ ಒಂದು ಫೈಲು, ಪ್ರತಿ ವಿಭಾಗಕ್ಕೆ ಇನ್ನೊಂದು.

ಫೈಲಿನ ಹಳೆಯ ರೂಪಗಳಿಗೆ ಮರಳಲು ಬೇಕಾದ ಆವೃತ್ತಿಗಳ ಇತಿಹಾಸ ಉಚಿತ ಯೋಜನೆಯಲ್ಲಿ 30 ದಿನ ಮಾತ್ರ ಸಿಗುತ್ತದೆ, ಆದ್ದರಿಂದ ಸಣ್ಣ ತಂಡಗಳು ದೊಡ್ಡ ಒಪ್ಪಿಗೆಯ ದಿನ ಫೈಲಿನ ಒಂದು ಪ್ರತಿಯನ್ನು ಕಂಪ್ಯೂಟರಿಗೆ ಇಳಿಸಿಕೊಳ್ಳುವುದು ಒಳ್ಳೆಯದು. 2022ರ ಸೆಪ್ಟೆಂಬರಿನಲ್ಲಿ ಫೋಟೊಶಾಪ್ ತಯಾರಿಸುವ ಅಡೋಬಿ 20 ಶತಕೋಟಿ ಡಾಲರಿಗೆ ಫಿಗ್ಮಾವನ್ನು ಕೊಳ್ಳಲಿದೆ ಎಂಬ ಸುದ್ದಿ ಬಂದಾಗಿನಿಂದ, ಮುಂದೇನೋ ಎಂಬ ಅಳುಕಿನಲ್ಲಿ, ನಾವೂ ಹಾಗೆ ಮಾಡುತ್ತಿದ್ದೇವೆ. ಆ ವ್ಯವಹಾರ 2023ರ ಡಿಸೆಂಬರಿನಲ್ಲಿ ಮುರಿದುಬಿತ್ತು, ಅಭ್ಯಾಸ ಮಾತ್ರ ಉಳಿಯಿತು. ಡೆವಲಪರ್‌ಗಳಿಗೆಂದೇ ಇರುವ ಡೆವ್ ಮೋಡ್ 2024ರಿಂದ ಉಚಿತವಲ್ಲ. ಯಾರಿಗೆ ನಿಜವಾಗಿ ಬೇಕೋ ಅವರಿಗೆ ಮಾತ್ರ ಹಣ ಕೊಟ್ಟು ಪಡೆಯುವ ಆ ಸೀಟು, ಅಂದರೆ ಬಳಸುವ ಅನುಮತಿ, ಕೊಡಿ. ಫಿಗ್ಮಾದ ಮೆನುಗಳು ಕನ್ನಡದಲ್ಲಿಲ್ಲ ಎಂಬುದು ಟೀಚರ್ ಅವರಂಥವರನ್ನು ಕರೆತರುವಾಗ ಚುಚ್ಚುತ್ತದೆ.

ಸಂಜೆ ಘಾಟ್ಕೋಪರಿನಿಂದ ಡೊಂಬಿವಲಿಗೆ ಹೋಗುವಾಗ ಕಿಟಕಿಯ ಪಕ್ಕ ಸೀಟು ಸಿಕ್ಕಿದರೆ ಅಂದಿನ ಪ್ರೊಟೊಟೈಪನ್ನು (ಆ್ಯಪಿನ ಪ್ರಾಯೋಗಿಕ ಮಾದರಿಯನ್ನು) ಮೊಬೈಲಿನಲ್ಲಿ ತೆರೆಯುತ್ತೇನೆ. ಓರೆಬಿಸಿಲು ಪರದೆಗೆ ಹೊಡೆಯುವಾಗಲೂ ತಿಳಿ ಬೂದು ಅಕ್ಷರ ಓದಲು ಬರುತ್ತದೆಯೇ ಎಂದು ಅಲ್ಲಿ ತಿಳಿಯುತ್ತದೆ. ಕಚೇರಿಯ ದೊಡ್ಡ ಮಾನಿಟರ್ ಅದನ್ನು ಹೇಳುವುದಿಲ್ಲ.

ಈ ವಾರ ಟೀಚರ್ ಹನ್ನೊಂದು ಕಾಮೆಂಟ್ ಹಾಕಿದ್ದಾರೆ. ಹತ್ತನ್ನು ತಿದ್ದಿ ಮುಗಿಸಿದೆ. ಉಳಿದದ್ದು ‘ನಿಮ್ಮ ಸರದಿ’ ಎಂಬ ಶೀರ್ಷಿಕೆಯ ಮೇಲಿದೆ: “ಅಕ್ಕಲಕೋಟೆಯವರು ಪಾಳಿ ಅನ್ನುತ್ತಾರಮ್ಮಾ, ಸರದಿ ಅನ್ನುವುದಿಲ್ಲ.” ನಮ್ಮ ಮನೆಯವರು ಉಡುಪಿ ಕಡೆಯವರು, ನನಗೆ ಸರದಿಯೇ ಬಾಯಿಗೆ ಬರುತ್ತದೆ. ಎರಡೂ ಪದಗಳನ್ನು ಹಾಕಿದ ಎರಡು ಪರದೆಗಳನ್ನು ಅಕ್ಕಪಕ್ಕ ಇಟ್ಟು, ಅಲ್ಲಿನ ದವಾಖಾನೆಯೊಂದರ ಕೌಂಟರಿನಲ್ಲಿ ಕೂರುವ ಹುಡುಗಿಗೆ ಕೊಂಡಿ ಕಳುಹಿಸಿದ್ದೇನೆ. ಅವಳ ಕಾಮೆಂಟಿಗೆ ಕಾಯುತ್ತಿದ್ದೇನೆ.