ಆರ್ಕ್ ಗ್ರ್ಯಾಬರ್: ದವಡೆ ಹಲ್ಲಿಗೆ ಮುಟ್ಟಿದರಷ್ಟೇ ಉಪಯೋಗ

ತುತ್ತನ್ನು ಜಗಿಯದೆ ಹಾಗೇ ನುಂಗುವ, ಇಲ್ಲವೇ ಕೆನ್ನೆಯ ಸಂದಿಯಲ್ಲಿ ತುಂಬಿಟ್ಟುಕೊಳ್ಳುವ ಆಟಿಸಂ ಮಕ್ಕಳ ದವಡೆಗೆ ಅಭ್ಯಾಸ ಕೊಡಲು ಬಳಸುವ ಸಾಧನಗಳಲ್ಲಿ ಆರ್ಕ್ ಗ್ರ್ಯಾಬರ್ ಒಂದು. ಆಕಾರ ಇಂಗ್ಲಿಷಿನ ‘ಪಿ’ ಅಕ್ಷರದಂತೆ. ಬಳೆಯಂಥ ಭಾಗ ಮುಷ್ಟಿಗೆ, ಕಡ್ಡಿಯಂಥ ಭಾಗ ಬಾಯಿಗೆ. ಈ ಕಡ್ಡಿ ಹಿಂದಿನ ದವಡೆ ಹಲ್ಲಿನವರೆಗೂ ತಲುಪುತ್ತದೆ. ಇದರ ನಿಜವಾದ ಗುಣ ಅದೇ. ಕೊರಳಿಗೆ ಹಾಕುವ ಪದಕದಂಥ ಚ್ಯೂವಿಗಳನ್ನು (ಕಚ್ಚಲೆಂದೇ ಮಾಡಿದ ಸಾಧನಗಳನ್ನು) ಮಕ್ಕಳು ಹೆಚ್ಚಾಗಿ ಮುಂದಿನ ಹಲ್ಲಿನಲ್ಲೇ ಕಚ್ಚುತ್ತಾರೆ. ಅದರಿಂದ ಮನಸ್ಸಿಗೆ ಸಮಾಧಾನ ಸಿಗಬಹುದು, ಜಗಿಯುವ ಅಭ್ಯಾಸ ಆಗುವುದಿಲ್ಲ.

ಗಡಸುತನ ಮೂರು ಬಗೆ: ಮೆದುವಾದ ಸಾಮಾನ್ಯ ಮಾದರಿ, ಮಧ್ಯಮ ಗಡಸಿನ ಎಕ್ಸ್‌ಟಿ, ಎಲ್ಲಕ್ಕಿಂತ ಗಟ್ಟಿಯಾದ ಎಕ್ಸ್‌ಎಕ್ಸ್‌ಟಿ. ಹೆಚ್ಚಿನವರು ಎಡವುವುದು ಇಲ್ಲೇ. ಬಾಳಿಕೆ ಬರಲೆಂದು ಗಟ್ಟಿಯದನ್ನು ತಂದರೆ, ದವಡೆಯಲ್ಲಿ ಬಲವಿಲ್ಲದ ಮಗುವಿಗೆ ಅದು ಬಗ್ಗುವುದೇ ಇಲ್ಲ. ಎರಡು ಸಲ ಕಚ್ಚಿ ಎಸೆಯುತ್ತದೆ. ಕಚ್ಚಲು ಕಲಿಯುವ ಮಗುವಿಗೆ ಮೆದುವಾದದ್ದೇ ಸರಿ. ಅಂಗಿಯ ಕಾಲರು, ಪೆನ್ಸಿಲು ಕಚ್ಚಿ ಹರಿಯುವ ಮಗುವಿಗೆ ಗಟ್ಟಿಯದು ಬೇಕು.

ಬಳಸುವಾಗ ಮಗುವಿನ ಪಾದಕ್ಕೆ ಆಧಾರವಿರಲಿ, ಬೆನ್ನು ನೆಟ್ಟಗಿರಲಿ. ಕಡ್ಡಿಯನ್ನು ತುಟಿಯ ಮೂಲೆಯಿಂದ ಒಳಗಿಟ್ಟು ದವಡೆ ಹಲ್ಲಿನ ಮೇಲೆ ಕೂರಿಸಿ. ನಾಲಿಗೆಯ ನಡುವೆ ತಳ್ಳಿದರೆ ಓಕರಿಕೆ ಬರುತ್ತದೆ, ಆಮೇಲೆ ಮಗು ಬಾಯಿ ತೆರೆಯಲು ಒಪ್ಪುವುದು ಕಷ್ಟ. ಒಂದು ಬದಿಗೆ ಐದಾರು ಸಲ ಕಚ್ಚಿಸಿ, ಬದಿ ಬದಲಿಸಿ. ದವಡೆ ಒಂದು ಕಡೆಗೆ ಜಾರಿದರೆ, ತಲೆ ವಾಲಿದರೆ ದಣಿವಾಗಿದೆ ಎಂದರ್ಥ, ಅಲ್ಲಿಗೆ ನಿಲ್ಲಿಸಿ. ಬೇಡವೆಂದು ಮುಖ ತಿರುಗಿಸಿದರೆ ಒತ್ತಾಯ ಖಂಡಿತ ಕೂಡದು. ಮಗು ತಾನೇ ಹಿಡಿದು ಬಾಯಿಗಿಟ್ಟುಕೊಳ್ಳಲಿ ಎಂದೇ ಆ ಬಳೆ ಇರುವುದು.

ಇಷ್ಟು ಮಾಡಿದರೂ ಗ್ರ್ಯಾಬರ್ ಅರ್ಧ ಕೆಲಸವನ್ನಷ್ಟೇ ಮಾಡುತ್ತದೆ. ಜಗಿಯಲು ನಾಲಿಗೆ ತುತ್ತನ್ನು ಪಕ್ಕಕ್ಕೆ ಸರಿಸಿ ಹಲ್ಲಿನ ಕೆಳಗೆ ತಂದಿಡಬೇಕು. ರಬ್ಬರಿನಂಥ ಕಡ್ಡಿ ತುತ್ತಿನಂತೆ ತುಂಡಾಗುವುದಿಲ್ಲ, ಹಾಗಾಗಿ ಆ ಪಾಠ ಇದರಲ್ಲಿಲ್ಲ. ಅದಕ್ಕೆ ಜೊಲ್ಲಿನಲ್ಲಿ ಬೇಗ ಕರಗುವ ಗರಿಗರಿ ತಿನಿಸನ್ನು ಬೆರಳುದ್ದ ಮಾಡಿ ಅದೇ ಜಾಗದಲ್ಲಿ ಇಡಬೇಕು, ಆಮೇಲೆ ಚೆನ್ನಾಗಿ ಬೆಂದ ತರಕಾರಿ. ನೀರಿನಲ್ಲಿ ತುಂಡು ತೇಲುವಂಥ ಅಡುಗೆ ಎಲ್ಲಕ್ಕಿಂತ ಕಷ್ಟ, ಅದು ಕೊನೆಗಿರಲಿ. ವಾಸನೆ, ಬಣ್ಣ, ಸ್ಪರ್ಶ ಸಹಿಸಲಾಗದೆ ಊಟ ಬಿಡುವ ಮಗುವಿಗೆ ಈ ಸಾಧನದಿಂದ ಏನೂ ಆಗದು. ಅಲ್ಲಿ ತೊಂದರೆ ದವಡೆಯದ್ದಲ್ಲ.

ತೊಳೆಯುವುದು ಸುಲಭ. ಆದರೆ ಪ್ರತಿ ಸಲ ಕೊಡುವ ಮುನ್ನ ಎಳೆದು, ಬಗ್ಗಿಸಿ ನೋಡಿ. ಬಿರುಕು ಕಂಡರೆ ಅಂದೇ ಎಸೆಯಿರಿ. ಮುರಿದ ಚೂರು ಗಂಟಲಿಗೆ ಸಿಕ್ಕಿಕೊಳ್ಳಬಹುದು, ಆದ್ದರಿಂದ ದೊಡ್ಡವರು ಪಕ್ಕದಲ್ಲೇ ಇರಬೇಕು. ಉಣ್ಣುವಾಗ ಕೆಮ್ಮು, ಊಟದ ನಂತರ ಗೊರಗೊರ ದನಿ, ಮತ್ತೆಮತ್ತೆ ಎದೆಯ ಸೋಂಕು, ತೂಕ ಇಳಿಯುವುದು ಇದ್ದರೆ ಇದನ್ನು ಕೊಳ್ಳುವ ಮೊದಲು ವೈದ್ಯರಿಗೂ ನುಂಗುವಿಕೆ ಪರೀಕ್ಷಿಸುವ ಸ್ಪೀಚ್ ಥೆರಪಿಸ್ಟರಿಗೂ ತೋರಿಸಿ. ಹುಳುಕು ಹಲ್ಲು, ಮಲಬದ್ಧತೆ ಇವೆಯೇ ಎಂಬುದನ್ನೂ ಆಗಲೇ ಕೇಳಿಬಿಡಿ. ನೋವೆಂದು ಹೇಳಲಾಗದ ಮಗು ತಟ್ಟೆ ದೂಡುವುದಕ್ಕೆ ಅವೂ ಕಾರಣವಾಗಿರಬಹುದು.